ತಲೆ ತಿರುಗುವುದು ಬೇರೆ, ಕತ್ತು ಹೊರಳುವುದು ಬೇರೆ: ಯಾವ ಪದ ಬಳಸಲಿ?

ಎಲ್ಲರಿಗೂ ನಮಸ್ಕಾರ,

ಕತ್ತು ನೋವಿನ ಜೊತೆ ತಲೆಸುತ್ತೂ ಇರುವವರಿಗಾಗಿ ಒಂದು ಕಿರುಹೊತ್ತಗೆ ಬರೆಯುತ್ತಿದ್ದೇನೆ. ಕತ್ತಿನ ಸ್ನಾಯುಗಳಿಂದ ಮೆದುಳಿಗೆ ಹೋಗುವ ಸುದ್ದಿ ಕಣ್ಣಿನ ಚಲನೆಯನ್ನೂ ಮೈಯ ಆಯವನ್ನೂ ಹೇಗೆ ತಿದ್ದುತ್ತದೆ ಅನ್ನುವುದೇ ಅದರ ತಿರುಳು. ಕೆಲವು ಪದಗಳ ಬಗ್ಗೆ ನಿಮ್ಮನ್ನು ಕೇಳಬೇಕಿತ್ತು.

ಮೊದಲ ತೊಡಕು ತೀರಾ ಸಾದಾ ಮಾತಿನದು. "ತಲೆ ತಿರುಗಿದಾಗ ಕಣ್ಣು ಎದುರು ದಿಕ್ಕಿಗೆ ಸರಿಯುತ್ತದೆ" ಎಂದು ಬರೆದರೆ, ತಲೆಸುತ್ತು ಬಂದಾಗ ಹಾಗಾಗುತ್ತೆ ಅಂತ ಓದುವವರು ಅಂದುಕೊಳ್ಳುತ್ತಾರೆ. ನಮ್ಮಲ್ಲಿ "ತಲೆ ತಿರುಗಿತು" ಅಂದರೆ ಬವಳಿ ಬಂತು ಅಂತಲೇ. "ತಿರುಗಿಸಿದಾಗ" ಅಂದರೆ ಸಾಕಲ್ವಾ ಎನ್ನಬಹುದು. ಸಾಲದು. ತಿರುಗುವ ಕುರ್ಚಿಯಲ್ಲಿ ಕೂತವರನ್ನು ಇನ್ಯಾರೋ ತಿರುಗಿಸಿದರೂ ಕಣ್ಣು ಹಾಗೇ ಸರಿಯುತ್ತದೆ. ಅಲ್ಲಿ ತಲೆ ತಿರುಗಿಸಿದವರು ಅವರಲ್ಲ.

ಇದನ್ನು ನೀವೇ ಈಗ ನೋಡಬಹುದು. ಈ ಸಾಲಿನ ಮೇಲೆ ಕಣ್ಣು ನೆಟ್ಟು, ಬೇಡ ಅನ್ನುವಾಗ ಮಾಡುವಂತೆ ತಲೆಯನ್ನು ಆ ಕಡೆ ಈ ಕಡೆ ಬೇಗ ಬೇಗ ಆಡಿಸಿ. ಅಕ್ಷರ ನಿಂತೇ ಇರುತ್ತದೆ. ಈಗ ತಲೆ ಅಲುಗಿಸದೆ ಫೋನನ್ನೋ ಹಾಳೆಯನ್ನೋ ಅಷ್ಟೇ ಬೇಗ ಆಡಿಸಿ. ಅಕ್ಷರ ಕಲಸಿಹೋಗುತ್ತದೆ. ಮೊದಲನೆಯದರಲ್ಲಿ ಒಳಗಿವಿಯ ಅರೆವೃತ್ತ ನಾಳಗಳು ತಲೆ ಹೊರಳಿದ್ದನ್ನು ಹಿಡಿದು, ಸುಮಾರು 10 ಮಿಲಿಸೆಕೆಂಡಿನಲ್ಲೇ ಕಣ್ಣನ್ನು ಎದುರು ದಿಕ್ಕಿಗೆ ತಳ್ಳುತ್ತವೆ. ಎರಡನೆಯದರಲ್ಲಿ ಕಣ್ಣು ನೋಡಿ ನೋಡಿ ಬೆನ್ನಟ್ಟಬೇಕು. ಅದು ಹೊರಡಲಿಕ್ಕೇ ಅದರ ಹತ್ತು ಪಟ್ಟು ಹೊತ್ತು ಬೇಕು.

ಆದರೆ ಒಳಗಿವಿಗೆ ಒಂದು ಕೊರತೆ ಇದೆ. ತಲೆ ಹೊರಳಿತು ಅಂತ ಅದಕ್ಕೆ ಗೊತ್ತಾಗುತ್ತದೆ, ಅಷ್ಟೇ. ಮೈ ನಿಂತು ತಲೆ ಮಾತ್ರ ಹೊರಳಿತೋ, ಮೈ ಸಮೇತ ಹೊರಳಿತೋ ಅದಕ್ಕೆ ತಿಳಿಯುವುದಿಲ್ಲ. ಆ ವ್ಯತ್ಯಾಸ ಹೇಳುವುದು ಕತ್ತು. ತಲೆಬುರುಡೆಯ ಬುಡದಲ್ಲಿ, ಆಳದಲ್ಲಿ ಇರುವ ಪುಟ್ಟ ಸ್ನಾಯುಗಳಲ್ಲಿ ಎಳೆತ ಅಳೆಯುವ ಅಂಗಗಳು ವಿಪರೀತ ಒತ್ತಾಗಿವೆ. ಮೇಲಿನ ಮೂರು ಕತ್ತಿನ ನರಗಳ ಮೂಲಕ ಅವುಗಳ ಸುದ್ದಿ ಮೆದುಳ ಬುಡಕ್ಕೆ ಬಂದು, ಒಳಗಿವಿಯ ಸುದ್ದಿಯ ಜೊತೆ ಸೇರುತ್ತದೆ.

ಹಾಗಾಗಿ ನನಗೆ ಬೇಕಾದದ್ದು ಎರಡು ಬೇರೆ ಮಾತು. ತಲೆ ಹೇಗೇ ಹೊರಳಲಿ, ಅದಕ್ಕೆ "ತಲೆ ಹೊರಳುವುದು". ಮೈಯ ಮೇಲೆ ತಲೆ ಹೊರಳಿದರೆ ಮಾತ್ರ "ಕತ್ತು ಹೊರಳುವುದು". ತಿರುಗು ಅನ್ನುವುದನ್ನು ತಲೆಸುತ್ತಿಗೇ ಬಿಟ್ಟುಬಿಡೋಣ ಅಂತ ನನ್ನ ಲೆಕ್ಕ. ಹೀಗೆ ಮಾಡಿದರೆ ಒಂದು ವಿಚಿತ್ರ ವಾಕ್ಯವೂ ಸಲೀಸಾಗಿ ಬರುತ್ತದೆ: "ತಲೆ ಹೊರಳದೆ ಕತ್ತು ಹೊರಳಿದರೆ." ಇದು ಒಗಟಲ್ಲ, ನಿಜವಾದ ಪರೀಕ್ಷೆ. ಕತ್ತಲೆ ಕೋಣೆಯಲ್ಲಿ ತಲೆಯನ್ನು ಅಲುಗದಂತೆ ಹಿಡಿದು, ಕುರ್ಚಿಯನ್ನು ಮಾತ್ರ ನಿಧಾನಕ್ಕೆ ತಿರುಗಿಸುತ್ತಾರೆ. ಒಳಗಿವಿಗೆ ಏನೂ ಗೊತ್ತಾಗಿಲ್ಲ, ಆದರೂ ಕಣ್ಣು ಸಾಮಾನ್ಯವಾಗಿ ಮೈ ತಿರುಗಿದ ಕಡೆಗೆ ಒಂಚೂರು ಜಾರುತ್ತದೆ. ಇದೇ ಸರ್ವಿಕೋ-ಆಕ್ಯುಲರ್ ರಿಫ್ಲೆಕ್ಸ್. ಆರೋಗ್ಯವಂತರಲ್ಲಿ ಇದು ತೀರಾ ಸಣ್ಣದು. ಎರಡೂ ಕಡೆಯ ಒಳಗಿವಿ ಕೆಲಸ ನಿಲ್ಲಿಸಿದವರಲ್ಲಿ ಜೋರಾಗುತ್ತದೆ. ಕತ್ತು ಆ ಕೆಲಸವನ್ನು ಸ್ವಲ್ಪ ಮಟ್ಟಿಗೆ ವಹಿಸಿಕೊಳ್ಳುತ್ತದೆ.

ಇದನ್ನು "ಕತ್ತು-ಕಣ್ಣು ರಿಫ್ಲೆಕ್ಸ್" ಎಂದೂ, ಒಳಗಿವಿಯದನ್ನು "ಕಿವಿ-ಕಣ್ಣು ರಿಫ್ಲೆಕ್ಸ್" ಎಂದೂ ಕರೆಯಲೇ? ಶಾಲೆಯ ಪುಸ್ತಕದ "ಪರಾವರ್ತಿತ ಪ್ರತಿಕ್ರಿಯೆ" ಸರಿಯೇ, ಆದರೆ ನೋವಿನಲ್ಲಿರುವವರ ಕೈಗೆ ಕೊಡುವ ಹೊತ್ತಗೆಯಲ್ಲಿ ಅದನ್ನು ಪುಟಕ್ಕೆ ನಾಲ್ಕು ಸಲ ಹಾಕಲು ಮನಸ್ಸು ಬರುತ್ತಿಲ್ಲ. "ಅನೈಚ್ಛಿಕ ಕ್ರಿಯೆ" ಅಂದರೆ ಎದೆಬಡಿತ, ಜೀರ್ಣ ಎಲ್ಲವೂ ಬಂದುಬಿಡುತ್ತವೆ. ರಿಫ್ಲೆಕ್ಸ್ ಎಂದೇ ಇಟ್ಟು, ಮೊದಲ ಸಲ "ತಂತಾನೇ ಆಗುವ ಮರುಚಲನೆ" ಎಂದು ಬಿಡಿಸಿ ಹೇಳಬಹುದು.

ಎಳೆತ ಅಳೆಯುವ ಅಂಗಕ್ಕೆ ಇಂಗ್ಲಿಷಿನಲ್ಲಿ ಸ್ಪಿಂಡಲ್ ಎನ್ನುತ್ತಾರೆ, ನಡು ದಪ್ಪ, ತುದಿ ಚೂಪು. ನಮ್ಮ ನೂಲುವ ಕದಿರೇ ಅದು. "ಸ್ನಾಯುಕದಿರು" ನನಗೆ ಇಷ್ಟ. ಕದಿರು ಅಂದರೆ ಕಿರಣ ಅಂತಲೂ ಇದೆಯಲ್ಲ, ಗೊಂದಲ ಆದೀತೇ?

ಆಯದ ವಿಷಯಕ್ಕೆ ಬರುತ್ತೇನೆ. ನಿಂತವರ ಕಣ್ಣು ಮುಚ್ಚಿಸಿ, ಹಿಂಗತ್ತಿನ ಸ್ನಾಯುಗಳಿಗೆ ಸಣ್ಣ ಕಂಪಕ ಒತ್ತಿ ಹಿಡಿದರೆ ಮೈ ಮುಂದಕ್ಕೆ ವಾಲುತ್ತದೆ. ಕಂಪನಕ್ಕೆ ಕದಿರುಗಳು ಮೋಸಹೋಗಿ, ಸ್ನಾಯು ಎಳೆತಕ್ಕೆ ಸಿಕ್ಕಿದೆ ಅಂತ ಸುಳ್ಳು ಸುದ್ದಿ ಕಳಿಸುತ್ತವೆ. ಮೆದುಳು ಅದನ್ನು ನಂಬಿ ಮೈಯನ್ನು "ಸರಿಪಡಿಸುತ್ತದೆ". ಕತ್ತಲಲ್ಲಿ ಕೂತು ಒಂದೇ ಬೆಳಕಿನ ಚುಕ್ಕಿ ನೋಡುತ್ತಿರುವಾಗ ಹೀಗೆ ಮಾಡಿದರೆ, ನಿಂತ ಚುಕ್ಕಿಯೇ ಸರಿದಂತೆ ಕಾಣುತ್ತದೆ. ಸುದ್ದಿಯನ್ನೇ ತಡೆದರೂ ಕಷ್ಟ. ಮೇಲ್ಗತ್ತಿಗೆ ಮರಗಟ್ಟಿಸುವ ಮದ್ದು ಚುಚ್ಚಿದ ಪ್ರಯೋಗದ ವರದಿ 1977ರಲ್ಲಿ ಬಂತು. ಮದ್ದು ಏರಿದವರು ಕುಡಿದವರಂತೆ ತೂರಾಡಿದರು.

ಇಲ್ಲಿ "ಸಮತೋಲನ"ಕ್ಕಿಂತ "ಆಯ" ಒಳ್ಳೆಯದು ಅನಿಸುತ್ತದೆ. "ಆಯ ತಪ್ಪಿ ಬಿದ್ದ" ಅಂತ ಎಲ್ಲರೂ ಹೇಳುತ್ತಾರೆ. ಇನ್ನೊಂದು ಕಾರಣವೂ ಇದೆ. ಕತ್ತಿನಿಂದ ಬರುವ ತೊಂದರೆಯಲ್ಲಿ ಸಾಮಾನ್ಯವಾಗಿ ಕೋಣೆ ಗಿರ್ರನೆ ಸುತ್ತುವುದಿಲ್ಲ. ತೇಲಿದ ಹಾಗೆ, ಕಾಲು ಗಟ್ಟಿ ನಿಲ್ಲದ ಹಾಗೆ ಆಗುತ್ತದೆ. ಅದನ್ನು "ತಲೆಸುತ್ತು" ಎಂದು ಬರೆದರೆ ರೋಗಿಯೂ ಹಾಗೇ ಹೇಳುತ್ತಾರೆ, ವೈದ್ಯರು ಒಳಗಿವಿಯ ಜಾಡು ಹಿಡಿಯುತ್ತಾರೆ. ಕತ್ತೇ ಕಾರಣ ಎಂದು ತೋರಿಸುವ ಒಂದೇ ಒಂದು ಪರೀಕ್ಷೆ ಇಲ್ಲದಿರುವಾಗ, ಬೇರೆ ಕಾರಣಗಳನ್ನು ತಳ್ಳಿಹಾಕಿಯೇ ಅಲ್ಲಿಗೆ ಬರಬೇಕಿರುವಾಗ, ರೋಗಿಯ ಬಾಯಿಯ ಮಾತೇ ದೊಡ್ಡ ಸುಳಿವು. ಇದಕ್ಕೆ ನಿಮ್ಮ ಕಡೆ ಏನನ್ನುತ್ತಾರೆ? "ಜೋಲಿ ಹೊಡೆಯುವುದು" ಕೇಳಿದ್ದೇನೆ. ಅದು ಹೊರಗಿನವರಿಗೆ ಕಾಣುವ ವಾಲಾಟಕ್ಕೆ ಸರಿ. ಒಳಗೆ ಅನಿಸುವುದಕ್ಕೂ ಹೊಂದುತ್ತದೆಯೇ?

ಕೊನೆಯದು, ಕಣ್ಣು ಮುಚ್ಚಿಯೂ ಕತ್ತು ಎಲ್ಲಿದೆ ಎಂದು ತಿಳಿಯುವ ಅರಿವು. ಅಳೆಯುವ ಬಗೆ ಚೆನ್ನಾಗಿದೆ: ತಲೆಗೆ ಲೇಸರ್ ಕಟ್ಟಿ, ಗೋಡೆಯಿಂದ 90 ಸೆಂಟಿಮೀಟರ್ ದೂರ ಕೂರಿಸಿ, ಕಣ್ಣು ಮುಚ್ಚಿ ಕತ್ತು ಹೊರಳಿಸಿ ಮೊದಲಿದ್ದ ಜಾಗಕ್ಕೇ ವಾಪಸ್ ಬನ್ನಿ ಅನ್ನುತ್ತಾರೆ. ಚುಕ್ಕಿ ಸುಮಾರು 7 ಸೆಂಟಿಮೀಟರಿಗಿಂತ, ಅಂದರೆ 4.5 ಡಿಗ್ರಿಗಿಂತ ಜಾಸ್ತಿ ತಪ್ಪಿದರೆ ಈ ಅರಿವು ಮಂಕಾಗಿದೆ ಎಂದು ಎಣಿಸುವುದುಂಟು. ಇದಕ್ಕೆ "ಸ್ವಸಂವೇದನೆ" ಬೇಡವೇ ಬೇಡ, ಓದಿದವರು ಮನಸ್ಸಿನ ವಿಷಯ ಅಂದುಕೊಳ್ಳುತ್ತಾರೆ. "ನೆಲೆಯರಿವು" ಎಂದಿಟ್ಟಿದ್ದೇನೆ. "ಕತ್ತಿನ ನೆಲೆಯರಿವು" ಎಂದು ಓದಿದಾಗ, ಬಿಡಿಸಿ ಹೇಳದೆಯೇ, ನಿಮಗೆ ಏನು ಹೊಳೆಯಿತು? ಅದನ್ನಷ್ಟೇ ಬರೆದರೂ ಸಾಕು.