ಯಂತ್ರ, ವಿಧಿ, ಹುಕುಂ: ಮೂರೂ ಸೇರಿದ ಮಾಂತ್ರಿಕ ವ್ಯವಸ್ಥೆಯನ್ನು ಕಟ್ಟುವುದು ಹೇಗೆ?

ಪ್ರಶ್ನೆ

ನಾನು ಬರೆಯುತ್ತಿರುವ ಕಾದಂಬರಿ ನಡೆಯುವುದು ಕಲ್ಪಿತ ಬಯಲುಸೀಮೆಯೊಂದರಲ್ಲಿ. ಅಲ್ಲಿ ಮಳೆ ತಾನಾಗಿ ಬರುವುದಿಲ್ಲ. ಪ್ರತಿ ಹೋಬಳಿಗೂ ಒಂದು ಮಳೆಯಂತ್ರವಿದ್ದು, ಅದನ್ನು ನಡೆಸಿ ಮಳೆಯನ್ನು ಕರೆಯಬೇಕು. ಆಳೆತ್ತರದ ಹಿತ್ತಾಳೆಯ ಚಕ್ರಗಳು, ಅವುಗಳ ಮೇಲೆ ಮುಗಿಲಿಗೆ ಬಾಯಿ ತೆರೆದು ನಿಂತ ಕಂಚಿನ ಕೊಳವೆ. ಇದಕ್ಕೆ ಮೂವರು ಬೇಕು: ಚಕ್ರಗಳಿಗೆ ಎಣ್ಣೆ ಹಾಕಿ ತಿರುಗಿಸುವ ಯಂತ್ರದಾಳು, ಪೂಜೆ ಮಾಡಿ ಮಂತ್ರ ಹೇಳುವ ವಿಧಿಕಾರ, ಅರಗಿನ ಮೊಹರು ಬಿದ್ದ ಹುಕುಂ ತರುವ ಕಂದಾಯ ಕಚೇರಿಯ ಶೇಕದಾರ.

ಕರಡನ್ನು ಓದಿದ ಗೆಳೆಯರ ಆಕ್ಷೇಪ ಇದು: ಯಂತ್ರದಲ್ಲಿಯೂ ವಿಧಿಯಲ್ಲಿಯೂ ಮಾಂತ್ರಿಕತೆ ಇದೆ, ಕಚೇರಿ ಮಾತ್ರ ಬರೀ ಅಡ್ಡಗಾಲು. ಹುಕುಂ ಇಲ್ಲದೆ ಯಂತ್ರ ನಡೆಸಿದರೆ ಕಾನೂನು ಮುರಿದಂತಾಗುತ್ತದೆಯೇ ಹೊರತು ಮಳೆಯೇನೂ ನಿಲ್ಲುವುದಿಲ್ಲ. ಆದ್ದರಿಂದ ಶೇಕದಾರನನ್ನು ತೆಗೆದುಹಾಕಿದರೂ ಕಥೆಗೆ ನಷ್ಟವಿಲ್ಲ. ಈ ಆಕ್ಷೇಪ ನ್ಯಾಯವಾದದ್ದು. ಕಾಗದವೂ ಶಕ್ತಿಯ ಅಂಗವೇ ಆಗುವಂತೆ ನಿಯಮಗಳನ್ನು ಹೇಗೆ ರೂಪಿಸಬೇಕು? ಕಚೇರಿಯನ್ನು ಗೇಲಿ ಮಾಡುವ ಕಾದಂಬರಿ ನನಗೆ ಬೇಡ. ಪಹಣಿ ಬರೆಯುವವನ ಕೆಲಸದಲ್ಲಿಯೂ ಗಾಂಭೀರ್ಯವಿದೆ ಎಂದು ನಂಬಿದವನು ನಾನು.

ಉತ್ತರ 1

ಕಚೇರಿಯನ್ನು ಹೊರಗಿನಿಂದ ತಂದು ಸೇರಿಸಬೇಕಾಗಿಲ್ಲ. ಅದು ವಿಧಿಯೊಳಗೇ ಇದೆ. ಯಾವುದೇ ಪೂಜೆಯ ಆರಂಭದ ಸಂಕಲ್ಪವನ್ನು ಗಮನವಿಟ್ಟು ಕೇಳಿ. ಪುರೋಹಿತರು ಜಂಬೂದ್ವೀಪ, ಭರತವರ್ಷ, ಭರತಖಂಡ ಎಂದು ದೊಡ್ಡದರಿಂದ ಹೊರಟು, ಗೋದಾವರಿಯ ದಕ್ಷಿಣ ತೀರಕ್ಕೆ ಇಳಿದು, ಶಾಲಿವಾಹನ ಶಕೆ, ಸಂವತ್ಸರ, ಅಯನ, ಋತು, ಮಾಸ, ಪಕ್ಷ, ತಿಥಿ, ವಾರ, ನಕ್ಷತ್ರಗಳನ್ನು ಹೇಳಿ, ಕಡೆಗೆ ಯಜಮಾನನ ಗೋತ್ರ, ಹೆಸರು ಮತ್ತು ಉದ್ದೇಶಕ್ಕೆ ಬಂದು ನಿಲ್ಲುತ್ತಾರೆ. ಎಲ್ಲಿ, ಯಾವಾಗ, ಯಾರು, ಯಾತಕ್ಕಾಗಿ ಎಂಬ ನಾಲ್ಕೂ ಅದರಲ್ಲಿ ದಾಖಲಾಗುತ್ತವೆ. ಇಷ್ಟನ್ನು ಹೇಳದೆ ಮಾಡಿದ ಕರ್ಮದ ಫಲ ಯಾರಿಗೆ ಸೇರಬೇಕು?

ನಿಮ್ಮ ಹುಕುಂ ಅನ್ನು ಮಳೆಯ ಸಂಕಲ್ಪವನ್ನಾಗಿ ಮಾಡಿ. ಸರ್ವೆ ನಂಬರು, ಕೆರೆಯ ಹೆಸರು, ಎಷ್ಟು ಹದ ಮಳೆ, ಯಾವ ನಕ್ಷತ್ರದ ಯಾವ ಪಾದದಲ್ಲಿ ಎಂಬುದೆಲ್ಲ ಅದರಲ್ಲಿರಲಿ. ಆಗ ಶೇಕದಾರ ತರುವುದು ಅನುಮತಿಯನ್ನಲ್ಲ, ವಿಳಾಸವನ್ನು. ಹುಕುಂ ಇಲ್ಲದೆ ಯಂತ್ರ ನಡೆಸಿದರೂ ಮುಗಿಲು ಬರುತ್ತದೆ, ಆದರೆ ಇಳಿಯಬೇಕಾದ ನೆಲ ಯಾವುದೆಂದು ಅದಕ್ಕೆ ತಿಳಿಯುವುದಿಲ್ಲ.

ಇನ್ನೊಂದು ವಿಷಯವನ್ನೂ ಗಮನಿಸಿ. ಸೋಮಯಾಗದಲ್ಲಿ ಹೋತೃ, ಅಧ್ವರ್ಯು, ಉದ್ಗಾತೃ, ಬ್ರಹ್ಮ ಎಂಬ ನಾಲ್ವರು ಮುಖ್ಯ ಋತ್ವಿಜರಿರುತ್ತಾರೆ. ಮೊದಲ ಮೂವರು ಪಠಿಸುತ್ತಾರೆ, ಕೈಯಾರೆ ಕ್ರಿಯೆ ಮಾಡುತ್ತಾರೆ, ಹಾಡುತ್ತಾರೆ. ಬ್ರಹ್ಮನು ಬಹುಪಾಲು ಮೌನವಾಗಿ ದಕ್ಷಿಣ ಭಾಗದಲ್ಲಿ ಕುಳಿತು ಎಲ್ಲವನ್ನೂ ನೋಡುತ್ತಾನೆ. ಅಧ್ವರ್ಯು ಕೇಳಿದಾಗ ಸಮ್ಮತಿ ನೀಡುವುದು ಮತ್ತು ಲೋಪವಾದರೆ ಪ್ರಾಯಶ್ಚಿತ್ತ ಮಾಡುವುದು ಅವನ ಹೊಣೆ. ನಿಮ್ಮ ಶೇಕದಾರನಿಗೆ ಇದಕ್ಕಿಂತ ಘನವಾದ ಮಾದರಿ ನನಗೆ ತೋಚುವುದಿಲ್ಲ.

ಉತ್ತರ 2

ಮೇಲಿನ ಉತ್ತರ ವಿಧಿಯನ್ನೂ ಕಾಗದವನ್ನೂ ಜೋಡಿಸಿತು. ಯಂತ್ರ ಇನ್ನೂ ಹೊರಗೇ ನಿಂತಿದೆ. ಮೂರನ್ನೂ ಒಂದೇ ಗಂಟಿನಲ್ಲಿ ಕಟ್ಟಿದ ನಿಜವಾದ ವ್ಯವಸ್ಥೆಯೊಂದು ನಮ್ಮ ಏಕಹಳಿ ರೈಲುಮಾರ್ಗಗಳಲ್ಲಿ ದೀರ್ಘಕಾಲ ನಡೆದು ಬಂದಿದೆ: ಟೋಕನ್ ಪದ್ಧತಿ.

ಎರಡು ನಿಲ್ದಾಣಗಳ ನಡುವೆ ಒಂದೇ ಹಳಿ ಇದ್ದರೆ, ಎದುರುಬದುರಾಗಿ ಎರಡು ಗಾಡಿಗಳು ಅದರ ಮೇಲೆ ಬರಲೇಬಾರದು. ಇದಕ್ಕಾಗಿ ಎರಡೂ ಕಡೆ ಒಂದೊಂದು ಟೋಕನ್ ಯಂತ್ರವಿದ್ದು, ಅವುಗಳನ್ನು ತಂತಿಯ ಮೂಲಕ ಜೋಡಿಸಿರುತ್ತಾರೆ. ಒಳಗಿರುವ ಲೋಹದ ಗುಂಡುಗಳೇ ಟೋಕನ್‌ಗಳು. ಇತ್ತ ನಿಲ್ದಾಣದ ಮಾಸ್ತರರು ಗಂಟೆಯ ಸಂಕೇತದಲ್ಲಿ ಕೇಳುತ್ತಾರೆ, ಅತ್ತಲಿನವರು ಸಂಕೇತದಲ್ಲೇ ಒಪ್ಪುತ್ತಾರೆ. ಅವರು ಅಲ್ಲಿಂದ ವಿದ್ಯುತ್ ಹರಿಸದ ಹೊರತು ಇಲ್ಲಿ ಹಿಡಿಕೆ ಪೂರ್ತಿ ತಿರುಗುವುದಿಲ್ಲ, ಗುಂಡು ಹೊರಗೆ ಬೀಳುವುದಿಲ್ಲ. ಒಂದು ಗುಂಡು ಹೊರಗಿರುವಾಗ ಎರಡನೆಯದನ್ನು ಎರಡೂ ಯಂತ್ರಗಳು ಬಿಟ್ಟುಕೊಡುವುದಿಲ್ಲ. ಪ್ರತಿ ಹೆಜ್ಜೆಯೂ ವೇಳೆಯ ಸಮೇತ ರಿಜಿಸ್ಟರಿನಲ್ಲಿ ಏರುತ್ತದೆ. ಗುಂಡನ್ನು ಚೀಲದಲ್ಲಿಟ್ಟು ಬೆತ್ತದ ಬಳೆಗೆ ಕಟ್ಟಿ ಎತ್ತಿ ಹಿಡಿದರೆ, ನಿಲ್ಲದ ಗಾಡಿಯಾದರೆ ಇಂಜಿನ್ನಿನಿಂದ ತೋಳು ಚಾಚಿ ಅದನ್ನು ತೆಗೆದುಕೊಳ್ಳುತ್ತಾರೆ. ಆ ಗುಂಡು ಕೈಯಲ್ಲಿಲ್ಲದೆ ಚಾಲಕ ಮುಂದಿನ ಹಳಿಗೆ ಕಾಲಿಡುವಂತಿಲ್ಲ.

ಇಲ್ಲಿ ಸಮ್ಮತಿಯೆಂಬುದು ಲೋಹವಾಗಿ ಕೈಗೆ ಬರುತ್ತದೆ. ನಿಮ್ಮ ಹುಕುಂ ಕೂಡ ಹೀಗೆ ಯಂತ್ರದ ಒಂದು ಬಿಡಿಭಾಗವಾಗಲಿ. ನೆರೆಯ ಹೋಬಳಿಯ ವಿಧಿಕಾರ ತನ್ನ ಕಡೆ ಮಂತ್ರ ಹೇಳಿ ಸಮ್ಮತಿಸಿದಾಗ ಮಾತ್ರ ಇಲ್ಲಿನ ಅರಗು ಕರಗಲಿ, ಅರಗು ಕರಗಿದರೆ ಮಾತ್ರ ಚಕ್ರದ ಅಗುಳಿ ಜಾರಲಿ. ಮೂವರನ್ನು ಒಬ್ಬರ ಹಿಂದೊಬ್ಬರಂತೆ ಸಾಲಿನಲ್ಲಿ ನಿಲ್ಲಿಸಿದ್ದೇ ಈಗಿನ ಕರಡಿನ ದೋಷವೆಂದು ನನಗನ್ನಿಸುತ್ತದೆ.

ಪ್ರಶ್ನೆ ಕೇಳಿದವರು

ಇಬ್ಬರಿಗೂ ಕೃತಜ್ಞ. ವಿಳಾಸದ ವಿಚಾರವನ್ನೂ ನೆರೆಯ ಹೋಬಳಿಯ ಸಮ್ಮತಿಯನ್ನೂ ತೆಗೆದುಕೊಳ್ಳುತ್ತೇನೆ. ಆದರೆ ಟೋಕನ್ ಯಂತ್ರದಷ್ಟು ಭದ್ರವಾದ ವ್ಯವಸ್ಥೆಯಲ್ಲಿ ತಪ್ಪಿಗೇ ಎಡೆಯಿಲ್ಲದಿದ್ದರೆ ಕಥೆಗೂ ಎಡೆಯಿರುವುದಿಲ್ಲ. ಬರಗಾಲದಲ್ಲಿ ನಕಲಿ ಮೊಹರು ತಂದರೆ ಏನಾಗಬೇಕು? ನೆರೆಯವರು ಏಕೆ ಒಪ್ಪಬೇಕು?

ಉತ್ತರ 3

ನೆರೆಯವರು ಒಪ್ಪಬೇಕಾದ ಕಾರಣ ಮಳೆಯ ಸ್ವಭಾವದಲ್ಲಿಯೇ ಇದೆ. 2017ರಲ್ಲಿ ಕರ್ನಾಟಕ ಸರ್ಕಾರ 'ವರ್ಷಧಾರಿ' ಎಂಬ ಹೆಸರಿನಲ್ಲಿ ಮೋಡಬಿತ್ತನೆ ಮಾಡಿಸಿತು. ಇಂಥ ಬಿತ್ತನೆಯಲ್ಲಿ ವಿಮಾನದಿಂದ ಸಿಲ್ವರ್ ಅಯೋಡೈಡ್‌ನಂಥ ಲವಣಗಳ ಕಣಗಳನ್ನು ಮೋಡಕ್ಕೆ ಸೇರಿಸುತ್ತಾರೆ. ಆದರೆ ಇಲ್ಲದ ಮೋಡವನ್ನು ಅದು ಸೃಷ್ಟಿಸಲಾರದು. ತೇವಾಂಶ ತುಂಬಿದ ಮೋಡ ಬಂದಿದ್ದರೆ ಅದನ್ನು ಇಳಿಯುವಂತೆ ಪ್ರಚೋದಿಸಬಹುದು, ಅಷ್ಟೆ. 2019ರಲ್ಲಿ ಮುಜರಾಯಿ ಇಲಾಖೆ ಮಳೆಗಾಗಿ ದೇವಾಲಯಗಳಲ್ಲಿ ಪರ್ಜನ್ಯ ಹೋಮ ನಡೆಸುವಂತೆ ಸುತ್ತೋಲೆ ಹೊರಡಿಸಿತು. ಕನ್ನಂಬಾಡಿ ಅಣೆಕಟ್ಟೆಯಲ್ಲಿ ನೀರು 124.80 ಅಡಿಗೆ ಮುಟ್ಟಿ ತುಂಬಿದಾಗ ಮುಖ್ಯಮಂತ್ರಿಗಳು ಕಾವೇರಿಗೆ ಬಾಗಿನ ಅರ್ಪಿಸುತ್ತಾರೆ. ಯಂತ್ರ, ಹೋಮ, ಸುತ್ತೋಲೆ, ಅಳತೆಪಟ್ಟಿ ಎಲ್ಲವೂ ಒಂದೇ ನೀರಿನ ಸುತ್ತ ನೆರೆದಿರುವ ನಾಡು ನಮ್ಮದು.

ಈ ಮಿತಿಯನ್ನು ನಿಮ್ಮ ಕಾದಂಬರಿಯ ಮೂಲನಿಯಮವಾಗಿಸಿ: ಮಳೆಯಂತ್ರ ನೀರನ್ನು ಹುಟ್ಟಿಸುವುದಿಲ್ಲ, ದಾಟಿಹೋಗುತ್ತಿರುವ ಮೋಡವನ್ನು ಇಳಿಸುತ್ತದೆ. ಅಂದರೆ ಇಲ್ಲಿ ಇಳಿದದ್ದು ಗಾಳಿ ಬೀಸುವ ದಿಕ್ಕಿನ ಮುಂದಿನ ಹೋಬಳಿಗೆ ಸಿಗುವುದಿಲ್ಲ. ಇಷ್ಟಾದ ಮೇಲೆ ಕಡತವನ್ನು ಯಾರೂ ಅಡ್ಡಗಾಲು ಎನ್ನಲಾರರು, ಏಕೆಂದರೆ ಯಾರ ಪಾಲಿನ ಮಳೆ ಎಲ್ಲಿ ಇಳಿಯಿತು ಎಂಬ ಲೆಕ್ಕ ಅದರಲ್ಲಲ್ಲದೆ ಬೇರೆಲ್ಲಿಯೂ ಇರುವುದಿಲ್ಲ. ಇಂದು ಸಮ್ಮತಿಸಿದವರ ಹೆಸರಿಗೆ ಮುಂದಿನ ಮೋಡ ಜಮಾ ಆಗಲಿ. ಒಪ್ಪುವುದಕ್ಕೂ ಹಟ ಹಿಡಿಯುವುದಕ್ಕೂ ಆಗ ಕಾರಣಗಳು ದೊರೆಯುತ್ತವೆ.

ನಕಲಿ ಮೊಹರಿನ ವಿಚಾರದಲ್ಲಿ ವೇದದ ಕರ್ಮವಿಧಿಗಳನ್ನು ವಿವೇಚಿಸಿದ ಮೀಮಾಂಸಕರ 'ಅಪೂರ್ವ'ವನ್ನು ನೆನೆಯಿರಿ. ಯಾಗ ಇಂದು ಮುಗಿದರೂ ಫಲ ಎಷ್ಟೋ ಕಾಲದ ನಂತರ ಬರುತ್ತದೆ. ನಡುವಿನ ಅವಧಿಯಲ್ಲಿ ಕರ್ಮದಿಂದ ಹುಟ್ಟಿದ ಕಾಣದ ಶಕ್ತಿಯೊಂದು ಉಳಿದಿರುತ್ತದೆ ಎಂದು ಅವರು ವಾದಿಸಿದರು. ನಿಮ್ಮ ಮಳೆಯೂ ಹುಕುಂ ಓದಿದ ಕೂಡಲೇ ಬೀಳಬೇಕಾಗಿಲ್ಲ. ನಕಲಿ ಮೊಹರಿಗೆ ಅರಗು ಕರಗಲಿ, ಚಕ್ರಗಳು ತಿರುಗಲಿ, ಮಳೆಯೂ ಬರಲಿ. ಆದರೆ ಆ ಮಳೆ ಯಾವ ಖಾತೆಗೂ ಸೇರದೆ ಬಾಕಿಯಾಗಿ ಉಳಿದು, ವರ್ಷಗಳ ನಂತರ ಅದೇ ಸರ್ವೆ ನಂಬರಿನ ಹೆಸರಿನಲ್ಲಿ ವಸೂಲಿಯಾಗಲಿ. ಅಷ್ಟರಲ್ಲಿ ಆ ಹೊಲ ಬೇರೆಯವರಿಗೆ ಮಾರಾಟವಾಗಿರಬಹುದು. ಹಳೆಯ ಶೇಕದಾರನ ರಿಜಿಸ್ಟರನ್ನು ತೆರೆದು, ತಮ್ಮ ಬೆಳೆ ಒಣಗಿದ್ದೇಕೆಂದು ಹುಡುಕುವ ಹೊಸ ಒಡೆಯರಿಂದಲೇ ಕಾದಂಬರಿಯನ್ನು ಆರಂಭಿಸಬಹುದು.