ಕೊಡೆ ನೋಡಿ ಕೀಳಬೇಡಿ, ಬುಡ ನೋಡಿ: ಅಣಬೆ ಪ್ರಶ್ನೋತ್ತರ

ಎಲ್ಲರಿಗೂ ನಮಸ್ಕಾರ. ಗುಂಪಿನಲ್ಲಿ ಅಣಬೆ ಬಗ್ಗೆ ಬಂದ ಪ್ರಶ್ನೆಗಳಿಗೆ ಇಲ್ಲೇ ಉತ್ತರ ಬರೆಯುತ್ತಿದ್ದೇನೆ. ನಾನು ಓದಿದ್ದು ಸಸ್ಯರೋಗ ಶಾಸ್ತ್ರ. 18 ವರ್ಷದಿಂದ ಮಲೆನಾಡಿನಲ್ಲಿ ಅಣಬೆ ಬೀಜ ತಯಾರಿಸುವ ಸಣ್ಣ ಲ್ಯಾಬ್ ನಡೆಸುತ್ತಿದ್ದೇನೆ. ಮೊದಲೇ ಒಂದು ಮಾತು. ಫೋಟೊ ನೋಡಿ 'ತಿನ್ನಿ' ಅಂತ ನಾನು ಯಾರಿಗೂ ಹೇಳುವುದಿಲ್ಲ. 'ಬೇಡ' ಅಂತ ಮಾತ್ರ ಹೇಳಬಲ್ಲೆ.

ಪ್ರಶ್ನೆ (ತೀರ್ಥಹಳ್ಳಿ): ಮೇಡಂ, ಮೊನ್ನೆ ಗುಡುಗು ಮಳೆ ಆದ ಮೇಲೆ ನಮ್ಮ ತೋಟದ ಅಂಚಿನ ಹುತ್ತದ ಹತ್ತಿರ ಬಿಳಿ ಅಣಬೆ ಎದ್ದಿವೆ. ಇಪ್ಪತ್ತರ ಮೇಲೆ ಇರಬಹುದು. ಅತ್ತೆ ಇದ್ದಾಗ ಅವರೇ ನೋಡಿ ಕಿತ್ತು ತರುತ್ತಿದ್ದರು. ಅವರು ತೀರಿಕೊಂಡು ಎರಡು ವರ್ಷ ಆಯ್ತು. ನನಗೆ ಸಾರು ಮಾಡಲು ಗೊತ್ತು, ಗುರುತು ಹಿಡಿಯಲು ಗೊತ್ತಿಲ್ಲ. ಇದು ಹುತ್ತದ ಅಣಬೆಯೇ ಅಂತ ತಿಳಿಯುವುದು ಹೇಗೆ?

ಉತ್ತರ: ಅಕ್ಕ, ಕೇಳಿದ್ದು ತುಂಬಾ ಒಳ್ಳೆಯದಾಯಿತು. ನಿಮ್ಮ ಅತ್ತೆ ಕೊಡೆ ನೋಡಿ ಗುರುತು ಹಿಡಿಯುತ್ತಿದ್ದರು ಅಂತ ನಿಮಗೆ ಅನಿಸಿರಬಹುದು. ನಾನು ನೋಡಿದ ಹಿರಿಯರೆಲ್ಲ ಬುಡ ನೋಡುತ್ತಿದ್ದರು. ಕಿತ್ತು, ಮಣ್ಣು ಕೊಡವಿ, ಬೇರು ಎಷ್ಟು ಉದ್ದ ಇದೆ ಅಂತ ಕೈಯಲ್ಲಿ ಹಿಡಿದು ನೋಡಿ ಆಮೇಲೆ ಬುಟ್ಟಿಗೆ ಹಾಕುತ್ತಿದ್ದರು.

ಯಾಕೆ ಬುಡ ಅಂದರೆ, ಹುತ್ತದ ಅಣಬೆ ಹುಟ್ಟುವುದೇ ಗೆದ್ದಲಿನ ಮನೆಯೊಳಗೆ. ಗೆದ್ದಲು ಒಣ ಎಲೆ, ಕಡ್ಡಿ ತಿಂದು, ಆ ಹಿಕ್ಕೆಯಿಂದ ಸ್ಪಂಜಿನ ಥರದ ಒಂದು ಗೂಡು ಕಟ್ಟುತ್ತದೆ. ಅದರ ಮೇಲೆ ಈ ಶಿಲೀಂಧ್ರವನ್ನು ಬೆಳೆಸುತ್ತದೆ. ಕಟ್ಟಿಗೆಯನ್ನು ಶಿಲೀಂಧ್ರ ಮೆತ್ತಗೆ ಮಾಡಿಕೊಡುತ್ತದೆ, ಗೆದ್ದಲು ಅದನ್ನು ತಿನ್ನುತ್ತದೆ. ನಾವು ಗದ್ದೆ ಮಾಡುವ ಹಾಗೆ ಅವೂ ಮಣ್ಣೊಳಗೆ ಬೇಸಾಯ ಮಾಡುತ್ತವೆ. ಮಳೆ ಬಿದ್ದು ನೆಲ ನೆನೆದಾಗ ಆ ಗೂಡಿನಿಂದ ಅಣಬೆ ಮೇಲಕ್ಕೆ ಏಳುತ್ತದೆ. ಅಷ್ಟು ಆಳದಿಂದ ಬರಬೇಕಾದ್ದರಿಂದ ಬುಡದಲ್ಲಿ ಉದ್ದನೆಯ ಬೇರಿನಂಥ ಬಾಲ ಇರುತ್ತದೆ. ಗಟ್ಟಿ ಮಣ್ಣು ಸೀಳಬೇಕಾದ್ದರಿಂದ ಕೊಡೆಯ ನಡುವೆ ಮೊಳೆಯಂಥ ಚೂಪು ಇರುತ್ತದೆ. ಈ ಗುಂಪಿಗೆ ಟರ್ಮಿಟೊಮೈಸಿಸ್ ಅಂತ ಹೆಸರಿಟ್ಟವರು ಫ್ರಾನ್ಸಿನ ರೋಜೆ ಹೈಮ್, 1942ರಲ್ಲಿ.

ಈಗ ನೀವು ಮಾಡಬೇಕಾದ್ದು. ಅಣಬೆಯನ್ನು ಮೇಲಿಂದ ಎಳೆಯಬೇಡಿ. ಒಂದು ಕೋಲಿನಿಂದ ಸುತ್ತಲಿನ ಮಣ್ಣನ್ನು ಒಂದು ಗೇಣು ಆಳಕ್ಕೆ ಸಡಿಲ ಮಾಡಿ. ಬುಡ ಕೆಳಗಿಳಿದಂತೆ ಸಣ್ಣಗಾಗುತ್ತಾ ಬೇರಿನ ಹಾಗೆ ಇಳಿದು ಹೋಗಿದೆಯಾ ನೋಡಿ. ಬದಲಿಗೆ ಬುಡ ಗಡ್ಡೆಯ ಹಾಗೆ ಊದಿಕೊಂಡು, ಸುತ್ತ ಹರಿದ ಮೊಟ್ಟೆ ಸಿಪ್ಪೆಯಂಥ ಬಿಳಿ ಚೀಲ ಇದ್ದರೆ ಅಲ್ಲಿಗೇ ಬಿಟ್ಟುಬಿಡಿ. ಆ ಚೀಲ ಅಮಾನಿಟಾ ಗುಂಪಿನ ಗುರುತು. ಅಣಬೆಯಿಂದ ಆಗುವ ಸಾವುಗಳಲ್ಲಿ ಹೆಚ್ಚಿನವು ಆ ಗುಂಪಿನಿಂದಲೇ. ನಮ್ಮ ಪಶ್ಚಿಮ ಘಟ್ಟದಲ್ಲೂ ಅಮಾನಿಟಾಗಳು ಇವೆ. ಚೀಲ ಮಣ್ಣೊಳಗೆ ಇರುತ್ತದೆ. ಕೊಡೆ ಮುರಿದು ತಂದವರಿಗೆ ಅದು ಕಾಣುವುದೇ ಇಲ್ಲ.

ಆಮೇಲೆ ಒಂದು ಕೊಡೆಯನ್ನು ತೊಟ್ಟಿನಿಂದ ಬಿಡಿಸಿ. ಅರ್ಧ ಬಿಳಿ, ಅರ್ಧ ಕಪ್ಪು ಕಾಗದದ ಮೇಲೆ ಕವುಚಿ ಇಡಿ. ಮೇಲೆ ಒಂದು ಬಟ್ಟಲು ಮುಚ್ಚಿ ರಾತ್ರಿಯಿಡೀ ಬಿಡಿ. ಬೆಳಿಗ್ಗೆ ಕಾಗದದ ಮೇಲೆ ಬೀಜಕಣದ ಪುಡಿ ಬಿದ್ದಿರುತ್ತದೆ. ಹುತ್ತದ ಅಣಬೆಯ ಪುಡಿಗೆ ತಿಳಿ ಗುಲಾಬಿ ಛಾಯೆ ಇರುತ್ತದೆ. ಅಚ್ಚ ಬಿಳಿ ಅಥವಾ ಹಸಿರು ಬಿದ್ದರೆ ತಿನ್ನಬೇಡಿ.

ಬೇರು, ಚೂಪು, ಪುಡಿಯ ಬಣ್ಣ ಮೂರೂ ಹೊಂದಬೇಕು, ಚೀಲ ಇರಬಾರದು. ಅಷ್ಟಾದರೂ ಅಣಬೆ ಬಲ್ಲವರಿಗೆ ಒಮ್ಮೆ ತೋರಿಸಿ. ನಿಮ್ಮೂರಲ್ಲಿ ನಿಮ್ಮ ಅತ್ತೆ ಓರಗೆಯವರು ಯಾರಾದರೂ ಇದ್ದೇ ಇರುತ್ತಾರೆ, ಅಲ್ವಾ? ಅವರ ಜೊತೆ ಎರಡು ಮಳೆಗಾಲ ಓಡಾಡಿ. ಈ ವಿದ್ಯೆ ನನ್ನ ಬರಹಕ್ಕಿಂತ ಅವರ ಕೈಯಲ್ಲಿ ಚೆನ್ನಾಗಿದೆ.

ಪ್ರಶ್ನೆ (ಶೃಂಗೇರಿ): ನಮ್ಮ ಅಜ್ಜಿ ಸಾರಿಗೆ ಬೆಳ್ಳಿ ಚಮಚ ಅದ್ದಿ ನೋಡುತ್ತಿದ್ದರು. ಕಪ್ಪಾದರೆ ವಿಷ ಅಂತ. ಬೆಳ್ಳುಳ್ಳಿ ಹಾಕಿ ನೋಡುವವರೂ ಇದ್ದಾರೆ. ಹುಳ ತಿಂದ ಅಣಬೆ ಒಳ್ಳೆಯದು ಅಂತಾನೂ ಹೇಳುತ್ತಾರೆ. ಇದು ನಿಜವಾ?

ಉತ್ತರ: ಮೂರೂ ಸುಳ್ಳು. ಇದನ್ನು ಗಟ್ಟಿಯಾಗಿ ಹೇಳುತ್ತೇನೆ. ಅಮಾನಿಟಾದ ವಿಷ ಬೆಳ್ಳಿಯನ್ನೂ ಕಪ್ಪು ಮಾಡುವುದಿಲ್ಲ, ಬೆಳ್ಳುಳ್ಳಿಯನ್ನೂ ಕಪ್ಪು ಮಾಡುವುದಿಲ್ಲ. ಹುಳವನ್ನು ಕೊಲ್ಲದ ವಿಷ ನಮ್ಮನ್ನು ಕೊಲ್ಲಬಹುದು. ಎಷ್ಟು ಕುದಿಸಿದರೂ, ಒಣಗಿಸಿದರೂ, ಹುಣಸೆಹಣ್ಣು ಹಾಕಿದರೂ ಅದು ಹೋಗುವುದಿಲ್ಲ. ಅಜ್ಜಿಯ ಸಾರಿನಿಂದ ಯಾರಿಗೂ ಏನೂ ಆಗದಿದ್ದುದಕ್ಕೆ ಕಾರಣ ಚಮಚ ಅಲ್ಲ. ಕೀಳುವಾಗಲೇ ಅವರಿಗೆ ಅಣಬೆ ಗೊತ್ತಿತ್ತು.

ಪ್ರಶ್ನೆ (ಬೆಂಗಳೂರು): ನಮ್ಮ ಅಪಾರ್ಟ್‌ಮೆಂಟಿನ ಹುಲ್ಲುಹಾಸಿನಲ್ಲಿ ತಟ್ಟೆಯಷ್ಟು ಅಗಲದ ಬಿಳಿ ಅಣಬೆ ಬಂದಿದೆ. ಮೇಲೆ ಕಂದು ಚಕ್ಕೆಗಳಿವೆ. ಕಾಂಡಕ್ಕೆ ಬಳೆಯಂಥ ಉಂಗುರ ಇದೆ. ತಿನ್ನಬಹುದಾ?

ಉತ್ತರ: ಬೇಡ. ನೀವು ಹೇಳುವ ಗುರುತು ಕ್ಲೋರೋಫಿಲ್ಲಮ್ ಮಾಲಿಬ್ಡೈಟಿಸ್ ಎಂಬ ಅಣಬೆಗೆ ಹೊಂದುತ್ತದೆ. ಎಳೆಯದಿದ್ದಾಗ ಕೊಡೆ ಕೆಳಗಿನ ಪದರಗಳು ಬಿಳಿ, ಬಲಿತ ಮೇಲೆ ಹಸಿರು. ಪುಡಿಯೂ ಹಸಿರೇ ಬೀಳುತ್ತದೆ. ತಿಂದ ಒಂದರಿಂದ ಮೂರು ಗಂಟೆಯೊಳಗೆ ವಾಂತಿ, ಭೇದಿ ಶುರುವಾಗುತ್ತದೆ. ಮಕ್ಕಳಿಗೆ ಬಹಳ ಸುಸ್ತು ಮಾಡಿಬಿಡುತ್ತದೆ. ಮುಟ್ಟಿದರೆ ಏನೂ ಆಗುವುದಿಲ್ಲ. ಪುಟ್ಟ ಮಕ್ಕಳು ಆಡುವ ಜಾಗವಾದರೆ ಕಿತ್ತು ಕಸಕ್ಕೆ ಹಾಕಿ.

ಪ್ರಶ್ನೆ (ಪುತ್ತೂರು): ಮೊದಲ ಮಳೆಗೆ ಸಿಗುವ ಕಲ್ಲಣಬೆ ಬಗ್ಗೆ ಹೇಳಿ ಮೇಡಂ. ಇದರಲ್ಲೂ ವಿಷದ್ದು ಇದೆಯಾ?

ಉತ್ತರ: ನಿಮ್ಮ ಕಡೆಯ ಕಲ್ಲಣಬೆಗೆ ಕೊಡೆಯೇ ಇಲ್ಲ, ಮಣ್ಣೊಳಗೆ ಗೋಲಿಯ ಹಾಗೆ ಕೂತಿರುತ್ತದೆ. ಕಿರಾಲುಬೋಗಿಯಂಥ ಮರಗಳ ಬೇರಿನ ಜೊತೆ ಬದುಕುವ ಅಣಬೆ ಅದು. ಮುರಕಲ್ಲಿನ ನೆಲದ ಕಾಡಿನಲ್ಲಿ ಸಿಗುವುದು ಅದಕ್ಕೇ. ಮರ ಹೋದರೆ ಕಲ್ಲಣಬೆಯೂ ಹೋಗುತ್ತದೆ.

ಪ್ರತಿಯೊಂದನ್ನೂ ನಡುವೆ ಕೊಯ್ದು ನೋಡಿ. ಒಳಗೆ ಒಂದೇ ಸಮನೆ ಬಿಳಿ ಇರಬೇಕು. ಕಪ್ಪಾಗಿದ್ದರೆ ಒಂದೋ ಬಲಿತಿದೆ, ಇಲ್ಲ ಬೇರೆ ಜಾತಿ. ಇದೇ ಆಕಾರದ ಒಂದು ವಿಷದ ಅಣಬೆ ಇದೆ, ಅದರ ಒಳಗು ಬೇಗ ನೇರಳೆ ಕಪ್ಪಾಗುತ್ತದೆ. ಇನ್ನೊಂದು ಅಪಾಯ ಇದಕ್ಕಿಂತ ದೊಡ್ಡದು. ಕೊಯ್ದಾಗ ಒಳಗೆ ಪುಟ್ಟ ಕೊಡೆ ಮತ್ತು ಕಾಂಡದ ಗೆರೆ ಕಂಡರೆ ಅದು ಅಮಾನಿಟಾದ ಮೊಟ್ಟೆ, ಅಂದರೆ ಇನ್ನೂ ಚೀಲದೊಳಗೇ ಇರುವ ಎಳೆ ಅಣಬೆ ಇರಬಹುದು. ಸಿಕ್ಕ ಅಷ್ಟನ್ನೂ ಕೊಯ್ದು ನೋಡಿದ ಮೇಲೆಯೇ ಗಸಿ.

ಪ್ರಶ್ನೆ (ಕ್ಯಾಲಿಫೋರ್ನಿಯಾ): ಅಮ್ಮ ಹಾಸನದಿಂದ ನಮ್ಮ ಮನೆಗೆ ಬಂದಿದ್ದಾರೆ. ಇಲ್ಲಿ ಓಕ್ ಮರದ ಕೆಳಗೆ ಬಂದ ಅಣಬೆ ನೋಡಿ 'ಇದು ನಮ್ಮ ಹುಲ್ಲಿನ ಬಣವೆಯಲ್ಲಿ ಬರುವ ಅಣಬೆಯೇ' ಅನ್ನುತ್ತಿದ್ದಾರೆ. ಕೀಳಲೇಬೇಕು ಅಂತ ಹಟ.

ಉತ್ತರ: ಅಮ್ಮನಿಗೆ ದಯವಿಟ್ಟು ಇದನ್ನು ಓದಿ ಹೇಳಿ. ಆ ಕಡೆ ಓಕ್ ಮರದಡಿ ಅಮಾನಿಟಾ ಫಾಲಾಯ್ಡಿಸ್ ಬರುತ್ತದೆ. ಲೋಕದಲ್ಲಿ ಅಣಬೆ ತಿಂದು ಸತ್ತವರಲ್ಲಿ ಹೆಚ್ಚಿನವರು ಇದನ್ನೇ ತಿಂದವರು. ಯೂರೋಪಿನ ಗಿಡಗಳ ಬೇರಿನ ಜೊತೆ ಅಲ್ಲಿಗೆ ಬಂದು ನೆಲೆಯೂರಿದೆ. 2016ರ ಡಿಸೆಂಬರಿನಲ್ಲಿ ಉತ್ತರ ಕ್ಯಾಲಿಫೋರ್ನಿಯಾದಲ್ಲಿ 14 ಜನ ಇದರಿಂದ ಆಸ್ಪತ್ರೆ ಸೇರಿದ್ದರು. ಎಳೆಯದಿದ್ದಾಗ ನಮ್ಮ ಹುಲ್ಲಣಬೆಗೂ ಅದಕ್ಕೂ ವ್ಯತ್ಯಾಸ ಗೊತ್ತಾಗುವುದು ಕಷ್ಟ. ಎರಡಕ್ಕೂ ಬುಡದಲ್ಲಿ ಚೀಲ ಇದೆ. ಹುಲ್ಲಣಬೆಯ ಪುಡಿ ಗುಲಾಬಿ, ಅದರದ್ದು ಬಿಳಿ. ಅಮ್ಮನ ಕಣ್ಣು ಕಲಿತದ್ದು ಹಾಸನದ ನೆಲದಲ್ಲಿ. ಕ್ಯಾಲಿಫೋರ್ನಿಯಾದ ನೆಲದಲ್ಲಿ ಅದು ನಡೆಯುವುದಿಲ್ಲ. ಅಂಗಡಿಯಲ್ಲಿ ಸಿಗುವ ಅಣಬೆಯಲ್ಲೇ ಅವರ ಕೈಯಿಂದ ಸಾರು ಮಾಡಿಸಿಕೊಳ್ಳಿ.

ಈ ಅಮಾನಿಟಾದ ವಿಷ ಮೋಸ ಮಾಡುವ ರೀತಿ ಎಲ್ಲರಿಗೂ ಗೊತ್ತಿರಬೇಕು. ತಿಂದು ಆರರಿಂದ ಹನ್ನೆರಡು ಗಂಟೆ, ಕೆಲವೊಮ್ಮೆ ಇನ್ನೂ ಜಾಸ್ತಿ ಹೊತ್ತು ಏನೂ ಆಗುವುದಿಲ್ಲ. ಆಮೇಲೆ ಜೋರು ವಾಂತಿ ಭೇದಿ. ಮರುದಿನ ಎಲ್ಲಾ ನಿಂತು 'ಹುಷಾರಾದೆ' ಅನಿಸುತ್ತದೆ. ಆ ಹೊತ್ತಿನಲ್ಲೇ ಒಳಗೆ ಲಿವರ್ ಹಾಳಾಗುತ್ತಿರುತ್ತದೆ. ಮೂರನೇ, ನಾಲ್ಕನೇ ದಿನಕ್ಕೆ ಕೈ ಮೀರಬಹುದು. 2022ರ ಏಪ್ರಿಲಿನಲ್ಲಿ ಅಸ್ಸಾಮಿನಲ್ಲಿ ಕಾಡು ಅಣಬೆ ತಿಂದು 13 ಜನ ತೀರಿಕೊಂಡರು. ಚಹಾ ತೋಟದಲ್ಲಿ ದುಡಿಯುವ ಮನೆಗಳವರೂ ಅದರಲ್ಲಿದ್ದರು. ಅವರೂ ವರ್ಷವರ್ಷ ಅಣಬೆ ಕೀಳುವ ಜನವೇ.

ತಿಂದ ಮೇಲೆ ಸಂಶಯ ಬಂದರೆ ವಾಂತಿ ಶುರುವಾಗಲಿ ಅಂತ ಕಾಯಬೇಡಿ. ನಮ್ಮಲ್ಲಿ 108ಕ್ಕೆ ಕರೆ ಮಾಡಿ, ಅಮೆರಿಕದಲ್ಲಿ ವಿಷದ ಸಹಾಯವಾಣಿ 1-800-222-1222. ಉಳಿದ ಅಣಬೆ, ಸಾರು, ಸಿಪ್ಪೆ ಏನಿದ್ದರೂ ಆಸ್ಪತ್ರೆಗೆ ತೆಗೆದುಕೊಂಡು ಹೋಗಿ. ಎಷ್ಟು ಗಂಟೆಗೆ ತಿಂದಿರಿ ಅಂತ ಬರೆದು ಕೊಡಿ. ಜೊತೆಗೆ ಊಟ ಮಾಡಿದ ಎಲ್ಲರೂ ಹೋಗಬೇಕು, ಚೆನ್ನಾಗಿರುವವರೂ ಕೂಡ.

ಪ್ರಶ್ನೆ (ಮಡಿಕೇರಿ): ಮಳೆಗಾಲದಲ್ಲಿ ನಮ್ಮಲ್ಲಿ ಕುಮ್ಮು ಕರಿ (ಅಣಬೆ ಸಾರು) ಇಲ್ಲದೆ ಆಗುವುದಿಲ್ಲ. ಹುತ್ತದ ಅಣಬೆಯನ್ನೇ ಮನೆಯಲ್ಲಿ ಬೆಳೆಯಬಹುದಾ? ಬೀಜ ಸಿಗುತ್ತದಾ?

ಉತ್ತರ: ಆಗುವುದಿಲ್ಲ. ಮಾರುವಷ್ಟು ಬೆಳೆದವರು ಇಲ್ಲಿಯವರೆಗೆ ಯಾರೂ ಇಲ್ಲ. ಅದಕ್ಕೆ ಗೆದ್ದಲಿನ ಆರೈಕೆಯೇ ಬೇಕು. ಬೀಜ ಇದೆ ಅಂತ ಯಾರಾದರೂ ಮಾರಲು ಬಂದರೆ ಕೊಳ್ಳಬೇಡಿ. ಹುತ್ತ ಉಳಿಸಿಕೊಂಡರೆ ಮುಂದಿನ ಮಳೆಗಾಲಕ್ಕೂ ಕುಮ್ಮು ಬರುತ್ತದೆ. ತೋಟಕ್ಕೆ ಗೆದ್ದಲಿನ ಔಷಧಿ ಹೊಡೆಯುವವರು ಇದನ್ನು ಯೋಚಿಸಿ. ಬೆಳೆಯಲೇಬೇಕು ಅಂದರೆ ಚಿಪ್ಪು ಅಣಬೆಯಿಂದ (ಆಯ್ಸ್ಟರ್ ಮಶ್ರೂಮ್) ಶುರು ಮಾಡಿ.

ಪ್ರಶ್ನೆ (ಶಿರಸಿ): ಚಿಪ್ಪು ಅಣಬೆಗೆ ಅಂತ 30 ಚೀಲ ಹುಲ್ಲು ತುಂಬಿಸಿದ್ದೆ. ಹತ್ತು ದಿನಕ್ಕೆ ಅರ್ಧ ಚೀಲಗಳಲ್ಲಿ ಹಸಿರು ಬೂಷ್ಟು. ಎಲ್ಲಿ ತಪ್ಪಾಯಿತು?

ಉತ್ತರ: ಹಸಿರು ಬೂಷ್ಟು ಅಂದರೆ ಹೆಚ್ಚಾಗಿ ಟ್ರೈಕೋಡರ್ಮಾ ಎಂಬ ಶಿಲೀಂಧ್ರ. ಬೆಳೆಗೆ ರೋಗ ಬಾರದಿರಲಿ ಅಂತ ನಾವು ತೋಟಕ್ಕೆ ಹಾಕುವ ಅದೇ ಟ್ರೈಕೋಡರ್ಮಾ ಅಣಬೆಗೆ ಶತ್ರು. ಮೊದಲು ಕೆಟ್ಟ ಚೀಲಗಳನ್ನು ಬಿಚ್ಚದೆ ಹಾಗೇ ಎತ್ತಿಕೊಂಡು ಹೋಗಿ ದೂರದಲ್ಲಿ ಹೂತುಬಿಡಿ. ಕೋಣೆಯೊಳಗೆ ಬಿಚ್ಚಿದರೆ ಬೂಷ್ಟಿನ ಪುಡಿ ಎಲ್ಲಾ ಕಡೆ ಹಾರುತ್ತದೆ.

ನೀವು ಹುಲ್ಲನ್ನು ಹೇಗೆ ಬೇಯಿಸಿದಿರಿ ಅಂತ ಬರೆದಿಲ್ಲ. ನನ್ನ ಅನುಭವದಲ್ಲಿ ಹತ್ತರಲ್ಲಿ ಎಂಟು ಜನ ತಪ್ಪುವುದು ಅಲ್ಲೇ. ಹೊಸ ಭತ್ತದ ಹುಲ್ಲು ತಗೊಳ್ಳಿ, ಮಳೆಗೆ ನೆನೆದ ಹಳೆಯದು ಬೇಡ. ಎರಡು ಮೂರು ಇಂಚಿಗೆ ಕತ್ತರಿಸಿ ರಾತ್ರಿಯಿಡೀ ನೆನೆಸಿ. ಆಮೇಲೆ 80 ಡಿಗ್ರಿ ಬಿಸಿನೀರಲ್ಲಿ ಒಂದು ಗಂಟೆ ಇರಬೇಕು. ಕುದಿನೀರು ಸುರಿದು ಹತ್ತು ನಿಮಿಷಕ್ಕೆ ತೆಗೆದರೆ ಸಾಲದು. ನೀರು ಬಸಿದು ನೆರಳಲ್ಲಿ ಹರವಿ. ಒಂದು ಮುಷ್ಟಿ ಹುಲ್ಲು ಹಿಂಡಿದರೆ ಕೈ ಒದ್ದೆ ಆಗಬೇಕು, ಹನಿ ಬೀಳಬಾರದು. ನಾನು ಮೊದಲ ವರ್ಷ ಇದೇ ಹನಿಯ ವಿಷಯದಲ್ಲಿ ಅವಸರ ಮಾಡಿ ಒಂದು ಕೋಣೆ ತುಂಬಾ ಚೀಲ ಕಳೆದುಕೊಂಡಿದ್ದೇನೆ.

ಬೀಜ ತಿಂಗಳಿಗಿಂತ ಹಳೆಯದು ಬೇಡ. 10 ಕಿಲೊ ಒದ್ದೆ ಹುಲ್ಲಿಗೆ 200ರಿಂದ 300 ಗ್ರಾಂ ಹಾಕಿ. ಪದರ ಪದರವಾಗಿ ತುಂಬಿ, ಗಟ್ಟಿಯಾಗಿ ಒತ್ತಿ, ಚೀಲಕ್ಕೆ ಸಣ್ಣ ತೂತು ಮಾಡಿ ಕತ್ತಲ ಕೋಣೆಯಲ್ಲಿಡಿ. 15ರಿಂದ 20 ದಿನಕ್ಕೆ ಚೀಲ ಪೂರ್ತಿ ಬೆಳ್ಳಗಾಗುತ್ತದೆ. ಆಗ ಪ್ಲಾಸ್ಟಿಕ್ ಸೀಳಿ, ಗಾಳಿ ಬೆಳಕು ಕೊಟ್ಟು, ದಿನಕ್ಕೆ ಎರಡು ಮೂರು ಸಲ ನೀರು ಚಿಮುಕಿಸಿ. ಒಂದು ಕಿಲೊ ಒಣ ಹುಲ್ಲಿಗೆ ಅರ್ಧದಿಂದ ಒಂದು ಕಿಲೊ ಅಣಬೆ ಬಂದರೆ ಚೆನ್ನಾಗಿ ಬಂತು ಅಂತ ಲೆಕ್ಕ. ಅಡಿಕೆ ಹಾಳೆಯಲ್ಲೂ ಬೆಳೆಯುತ್ತದೆ, ಹುಲ್ಲಲ್ಲಿ ಕೈ ಕುದುರಿದ ಮೇಲೆ ನೋಡಿ. ಬೀಜ, ತರಬೇತಿ ಎರಡೂ ಬೆಂಗಳೂರಿನ ಹೆಸರಘಟ್ಟದ ತೋಟಗಾರಿಕಾ ಸಂಶೋಧನಾ ಸಂಸ್ಥೆಯಲ್ಲಿ ಸಿಗುತ್ತವೆ.

ಅದಕ್ಕೆ ಮರುಪ್ರಶ್ನೆ (ಶಿರಸಿ): ಉಳಿದ ಚೀಲಗಳಲ್ಲಿ ಅಣಬೆ ಬಂದಿದೆ, ಆದರೆ ಕಾಂಡ ಉದ್ದ, ಚಿಪ್ಪು ಪುಟ್ಟದು. ಕೋಣೆಗೆ ಹೋದರೆ ಕೆಮ್ಮು ಬೇರೆ.

ಉತ್ತರ: ಗಾಳಿ ಸಾಲುತ್ತಿಲ್ಲ. ಅಣಬೆಯೂ ನಮ್ಮ ಹಾಗೆ ಉಸಿರಾಡುತ್ತದೆ, ಆ ಕೆಟ್ಟ ಗಾಳಿ ಕೋಣೆಯಲ್ಲೇ ನಿಂತರೆ ಕಾಂಡ ಉದ್ದ ಬರುತ್ತದೆ. ಕಿಟಕಿಗೆ ಒದ್ದೆ ಗೋಣಿ ಕಟ್ಟಿ, ಬೆಳಿಗ್ಗೆ ಸಂಜೆ ತೆರೆದಿಡಿ. ಕೆಮ್ಮು ಬರುವುದು ಬೀಜಕಣದ ಪುಡಿಯಿಂದ. ಮಾಸ್ಕ್ ಹಾಕದೆ ಒಳಗೆ ಹೋಗಬೇಡಿ. ಅಂಚು ಮೇಲಕ್ಕೆ ಮುದುರುವ ಮೊದಲೇ ಕೊಯ್ದರೆ ಪುಡಿಯೂ ಕಡಿಮೆ.

ಪ್ರಶ್ನೆ (ರಾಯಚೂರು): ನಮ್ಮ ಬಿಸಿಲಿಗೆ ಯಾವುದು ಆಗುತ್ತದೆ?

ಉತ್ತರ: ಹಾಲಣಬೆ (ಮಿಲ್ಕಿ ಮಶ್ರೂಮ್). 30ರಿಂದ 35 ಡಿಗ್ರಿ ಅದಕ್ಕೆ ಇಷ್ಟ. ಚೀಲ ಬೆಳ್ಳಗಾದ ಮೇಲೆ ಮೇಲೊಂದು ಪದರ ಹದ ಮಾಡಿದ ಮಣ್ಣು ಹಾಕಬೇಕು, ಅಷ್ಟೇ ಹೆಚ್ಚಿನ ಕೆಲಸ. ಚಿಪ್ಪು ಅಣಬೆಗಿಂತ ಜಾಸ್ತಿ ದಿನ ಕೆಡದೆ ಇರುತ್ತದೆ. ಬಟನ್ ಅಣಬೆಗೆ ಕೈ ಹಾಕಬೇಡಿ, ಕೊಡೆ ಬರುವಾಗ 14ರಿಂದ 18 ಡಿಗ್ರಿ ತಂಪು ಬೇಕು. ಕರೆಂಟ್ ಬಿಲ್ಲಿಗೇ ದುಡ್ಡು ಹೋಗುತ್ತದೆ.

ಮತ್ತೆ ತೀರ್ಥಹಳ್ಳಿಯಿಂದ: ಮೇಡಂ, ಪಕ್ಕದ ಮನೆಯ ದೊಡ್ಡಮ್ಮನನ್ನು ಕರೆದುಕೊಂಡು ಹೋಗಿ ಕೋಲಿನಿಂದ ಬಿಡಿಸಿದೆವು. ಪೂರ್ತಿ ಬಂದ ಎಲ್ಲದಕ್ಕೂ ಉದ್ದ ಬೇರು ಇದೆ, ಚೀಲ ಇಲ್ಲ. ಕಾಗದದ ಮೇಲೆ ತಿಳಿ ಗುಲಾಬಿ ಬಿದ್ದಿದೆ. ದೊಡ್ಡಮ್ಮ ಹುತ್ತದ ಅಣಬೆಯೇ ಅಂದರು. ಆದರೆ ನಾಲ್ಕು ಅಣಬೆ ಕೀಳುವಾಗ ಬುಡದಲ್ಲೇ ಮುರಿದವು. ಬೇರು ನೆಲದಲ್ಲೇ ಉಳಿಯಿತು. ಅಗೆದು ನೋಡಲಾ?

ಉತ್ತರ: ಅಗೆಯಬೇಡಿ ಅಕ್ಕ. ಕೆಳಗಿನ ಗೂಡು ಒಡೆದರೆ ಮುಂದಿನ ವರ್ಷ ಆ ಜಾಗದಲ್ಲಿ ಏಳುವುದು ಅನುಮಾನ. ಮುರಿದ ನಾಲ್ಕನ್ನು ಸಾರಿಗೆ ಹಾಕಬೇಡಿ, ಹುತ್ತದ ಬಳಿಯೇ ಬಿಟ್ಟು ಬನ್ನಿ. ಉಳಿದವನ್ನು ದೊಡ್ಡಮ್ಮ ಒಂದೊಂದಾಗಿ ಕೈಯಲ್ಲಿ ಹಿಡಿದು ನೋಡಲಿ. ನೀವು ಪಕ್ಕದಲ್ಲಿ ಕೂತು ನೋಡಿ ಕಲಿಯಿರಿ.