ಪದಚರ್ಚೆ: ರೆಂಡರರ್ ‘ನಿವೃತ್ತ’ವಾಗುತ್ತದೆಯೇ?

ಎಲ್ಲರಿಗೂ ನಮಸ್ಕಾರ. ಒಂದು ಕನ್ಸೋಲ್ ಎಮ್ಯುಲೇಟರನ್ನು (ಆಟದ ಕನ್ಸೋಲಿನ ಆಟಗಳನ್ನು ಕಂಪ್ಯೂಟರಿನಲ್ಲಿ ಓಡಿಸುವ ತಂತ್ರಾಂಶ) ಕನ್ನಡಕ್ಕೆ ತರುತ್ತಿದ್ದೇನೆ, ಕಡತ ಇವತ್ತು ರಾತ್ರಿಯೇ ಹೋಗಬೇಕು. ಆಟದ ಚಿತ್ರವನ್ನು ತೆರೆಯ ಮೇಲೆ ಮೂಡಿಸುವ ಭಾಗವೇ ರೆಂಡರರ್. ಅವುಗಳಲ್ಲಿ ಮೈಕ್ರೋಸಾಫ್ಟಿನ ಹಳೆಯ ಗ್ರಾಫಿಕ್ಸ್ ವ್ಯವಸ್ಥೆ ಡೈರೆಕ್ಟ್‌ತ್ರೀಡಿ 9 ಅನ್ನು ಬಳಸುವುದನ್ನು ತೆಗೆದಿದ್ದಾರೆ. ಅದನ್ನೇ ಆರಿಸಿಕೊಂಡಿದ್ದವರಿಗೆ ಕಾಣಿಸುವ ಸಾಲು, ‘ನೀವು ಆರಿಸಿದ ರೆಂಡರರ್ ನಿವೃತ್ತವಾಗಿದೆ.’ ಕಿವಿಗೆ ಒಗ್ಗುತ್ತಿಲ್ಲ. ಬೇರೆ ಪದ? ಜಾಗವೂ ಕಡಿಮೆ.

————
ನಿವೃತ್ತಿ ಆಳಿಗೆ, ಯಂತ್ರಕ್ಕಲ್ಲ. ಅದಿರಲಿ, ‘ರೆಂಡರರ್’ ಯಾಕೆ? ಚಿತ್ರ ಬಿಡಿಸುವುದು ‘ಬಿಡಿಸುಗ’. ಮುಗಿಯಿತು.

————
> ಮುಗಿಯಿತು.

ಎಲ್ಲಿ ಮುಗಿಯಿತು? ‘ಬಿಡಿಸು’ ಎಂಬುದು ‘ಬಿಡು’ವಿನ ಪ್ರೇರಣಾರ್ಥಕ. ಗಂಟು ಬಿಡಿಸು, ಒಗಟು ಬಿಡಿಸು, ಸೆರೆ ಬಿಡಿಸು. ‘ಬಿಡಿಸುಗವನ್ನು ಕೈಬಿಡಲಾಗಿದೆ’ ಎಂದು ಒಮ್ಮೆ ಗಟ್ಟಿಯಾಗಿ ಓದಿ ನೋಡಿ. ಮೇಲಾಗಿ ‘ಇಗ’ ಹತ್ತುವುದು ಗಾಣಿಗ, ಹೂವಾಡಿಗರಂಥ ಕಸುಬಿನವರಿಗೆ. ನಿವೃತ್ತಿ ಆಳಿಗಷ್ಟೇ ಎಂದವರು ಆಳಿನ ಪ್ರತ್ಯಯವನ್ನು ಯಂತ್ರಕ್ಕೆ ಅಂಟಿಸಿದ್ದೀರಿ.

————
ಪ್ರತ್ಯಯ ಆಮೇಲೆ. ಆದದ್ದೇನು ನೋಡಿ. ನಿಂಟೆಂಡೊ ಕನ್ಸೋಲ್‌ಗಳಾದ ಗೇಮ್‌ಕ್ಯೂಬ್, ವೀ ಆಟಗಳನ್ನು ಓಡಿಸುವ ಡಾಲ್ಫಿನ್ ಎಮ್ಯುಲೇಟರ್ 2013ರಲ್ಲೇ ಡೈರೆಕ್ಟ್‌ತ್ರೀಡಿ 9 ಅನ್ನು ಕಿತ್ತುಹಾಕಿತು. ಮುಪ್ಪು ಕಾರಣವಲ್ಲ. ಗೇಮ್‌ಕ್ಯೂಬಿನ ಗ್ರಾಫಿಕ್ಸ್ ಚಿಪ್ಪು ಬಣ್ಣ ಬೆರೆಸುವುದು ಪೂರ್ಣಾಂಕಗಳಲ್ಲಿ. ಡೈರೆಕ್ಟ್‌ತ್ರೀಡಿ 9ರ ಶೇಡರಿಗೆ, ಅಂದರೆ ಬಣ್ಣದ ಲೆಕ್ಕ ಮಾಡುವ ಪುಟ್ಟ ಪ್ರೋಗ್ರಾಮಿಗೆ, ಒಗ್ಗಿದ್ದು ದಶಾಂಶದ ಲೆಕ್ಕ. 255 ಬರಬೇಕಾದಲ್ಲಿ ಕೂದಲೆಳೆಯಷ್ಟು ಕಡಿಮೆ ಬಂದರೂ ‘ಸಮವೇ?’ ಎಂಬ ಪರೀಕ್ಷೆಗೆ ಉತ್ತರ ‘ಅಲ್ಲ’, ತೆರೆಯ ಮೇಲಿನ ವಸ್ತುವೇ ಮಾಯ. ಲೆಕ್ಕವನ್ನು ಪೂರ್ಣಾಂಕಕ್ಕೆ ತಿರುಗಿಸಹೊರಟರೆ ಈ ರೆಂಡರರ್ ಅಡ್ಡ. ಹಾಗಾಗಿ ‘ಹಳತಾಗಿದೆ’ ಕೂಡ ತಪ್ಪು. ಹಳತಾದದ್ದು ಆಯ್ಕೆಯ ಪಟ್ಟಿಯಲ್ಲಿ ಇದ್ದೇ ಇರುತ್ತದೆ, ತಿದ್ದುವವರು ಇರುವುದಿಲ್ಲ ಅಷ್ಟೆ. ಇದು ಪಟ್ಟಿಯಲ್ಲೇ ಇಲ್ಲ. ‘ಈ ರೆಂಡರರ್ ಈಗಿಲ್ಲ’ ಎಂದು ಬರೆಯಿರಿ.

————
ರೆಂಡರರ್, ಶೇಡರ್, ಚಿಪ್ಪು. ಕೊನೆಗೆ ಕನ್ನಡದಲ್ಲಿ ಉಳಿದದ್ದು ‘ಈಗಿಲ್ಲ’ ಒಂದೇ. ಅದೂ ಸರಿಯಾಗಿಯೇ ಹೇಳುತ್ತಿದೆ.

————
ಎರವಲು ಬೇಡ ಎನ್ನುವವರು ಬರೆದ ‘ಚಿತ್ರ’, ‘ಯಂತ್ರ’ ಯಾರ ಮನೆಯವು?

————
‘ತಿಟ್ಟ’ ಇದೆ. ನಿಮಗೆ ಬೇಡ.

————
‘ಈಗಿಲ್ಲ’ ಹಾಕಿ ಕಳಿಸಿದೆ, ಉಪಕಾರವಾಯಿತು. ನಾಳೆಗೆ ‘ಸಾಫ್ಟ್‌ವೇರ್ ರೆಂಡರರ್’ ಉಳಿದಿದೆ. ‘ಮೆದು’ವಿನಿಂದ ಶುರುವಾಗುವ ಪದ ಮಾತ್ರ ಬೇಡ.